ಹಸಿವಿನ ಎದುರು ಐದು ತಿಂಗಳು

1913ರ ಆಗಸ್ಟ್ 26, ಮಂಗಳವಾರ. ಡಬ್ಲಿನ್ ನಗರದಲ್ಲಿ ಅದು ಕುದುರೆ ಪ್ರದರ್ಶನದ ವಾರ. ಹೊರಊರುಗಳಿಂದ ಬಂದ ಸಿರಿವಂತರಿಂದ ಹೋಟೆಲುಗಳು ತುಂಬಿದ್ದವು, ರಸ್ತೆಗಳು ಗಿಜಿಗುಡುತ್ತಿದ್ದವು. ಬೆಳಿಗ್ಗೆ ಹತ್ತು ಗಂಟೆ ಬಾರಿಸುವ ಮೊದಲೇ ಟ್ರಾಮ್ ಚಾಲಕರೂ ಕಂಡಕ್ಟರುಗಳೂ ಕೋಟಿಗೆ ಕೆಂಪು ಹಸ್ತದ ಬಿಲ್ಲೆ ಸಿಕ್ಕಿಸಿಕೊಂಡು, ಗಾಡಿಗಳನ್ನು ಇದ್ದಲ್ಲೇ ನಿಲ್ಲಿಸಿ, ಕೆಳಗಿಳಿದು ನಡೆದುಬಿಟ್ಟರು. ಆ ಬಿಲ್ಲೆ ಐರಿಷ್ ಸಾರಿಗೆ ಮತ್ತು ಸಾಮಾನ್ಯ ಕಾರ್ಮಿಕರ ಸಂಘದ್ದು. ಸಂಘ ಕಟ್ಟಿದವರು ಜಿಮ್ ಲಾರ್ಕಿನ್. ಟ್ರಾಮ್ ಕಂಪನಿಯ ಒಡೆಯರು ವಿಲಿಯಂ ಮಾರ್ಟಿನ್ ಮರ್ಫಿ. ಸಂಘದ ಸದಸ್ಯರಿಗೆ ತಮ್ಮಲ್ಲಿ ಕೆಲಸವಿಲ್ಲ ಎಂದು ಮರ್ಫಿ ಹೇಳಿದ್ದೇ ಜಗಳದ ಮೂಲ.

ವಾರ ಕಳೆಯುವುದರೊಳಗೆ ಅದು ಟ್ರಾಮಿನ ಜಗಳವಾಗಿ ಉಳಿಯಲಿಲ್ಲ. ಸೆಪ್ಟೆಂಬರ್ 3ರಂದು ನಗರದ ಸುಮಾರು 400 ಮಾಲೀಕರು ಸಭೆ ಸೇರಿ ಮರ್ಫಿಯ ಬೆನ್ನಿಗೆ ನಿಂತರು. ಲಾರ್ಕಿನ್ ಸಂಘಕ್ಕೆ ಸೇರಿಲ್ಲ, ಸೇರುವುದೂ ಇಲ್ಲ ಎಂದು ಬರೆದುಕೊಟ್ಟವರಿಗೆ ಕೆಲಸ, ಉಳಿದವರಿಗೆ ಗೇಟು ಬಂದ್. ತಿಂಗಳ ಕೊನೆಗೆ 20,000ಕ್ಕೂ ಹೆಚ್ಚು ದುಡಿಯುವವರು ಬೀದಿಯಲ್ಲಿದ್ದರು. ಮುಷ್ಕರವೂ ಬೀಗಮುದ್ರೆಯೂ ಒಂದರೊಳಗೊಂದು ಹೆಣೆದುಕೊಂಡ ಆ ಹೋರಾಟ ಮುಂದಿನ ವರ್ಷದ ಆರಂಭದವರೆಗೆ ಎಳೆದಾಡಿತು.

ಈ ಐದು ತಿಂಗಳ ಕಥೆಯನ್ನು ಐರ್ಲೆಂಡಿನ ಸರ್ಕಾರಿ ದೂರದರ್ಶನ ಸಂಸ್ಥೆ ಆರ್‌ಟಿಇ 1980ರಲ್ಲಿ ಏಳು ಕಂತುಗಳ ಧಾರಾವಾಹಿಯಾಗಿ ಮಾಡಿತು. ಹೆಸರು ‘ಸ್ಟ್ರಂಪೆಟ್ ಸಿಟಿ’. ಜೇಮ್ಸ್ ಪ್ಲಂಕೆಟ್ ಅವರ 1969ರ ಕಾದಂಬರಿ ಅದರ ಮೂಲ. ಚಿತ್ರಕಥೆ ಹ್ಯೂ ಲಿಯೊನಾರ್ಡ್ ಅವರದು, ನಿರ್ದೇಶನ ಟೋನಿ ಬ್ಯಾರಿ ಅವರದು. ಲಾರ್ಕಿನ್ ಪಾತ್ರದಲ್ಲಿ ‘ಲಾರೆನ್ಸ್ ಆಫ್ ಅರೇಬಿಯಾ’ ಖ್ಯಾತಿಯ ಪೀಟರ್ ಓಟೂಲ್ ಇದ್ದಾರೆ. ಮುಷ್ಕರಗಳ ಬಗ್ಗೆ ಬಂದ ಧಾರಾವಾಹಿಗಳಲ್ಲಿ ಇದನ್ನು ನಾನು ಮೊದಲ ಸಾಲಿನಲ್ಲಿ ಇಡುತ್ತೇನೆ. ದೀರ್ಘ ಮುಷ್ಕರದ ಸೋಲು ಗೆಲುವು ಕಾರ್ಖಾನೆಯ ಗೇಟಿನಲ್ಲಿ ತೀರ್ಮಾನವಾಗುವುದಿಲ್ಲ, ಮನೆಯ ಒಲೆಯ ಮುಂದೆ ತೀರ್ಮಾನವಾಗುತ್ತದೆ ಎಂಬ ಸತ್ಯವನ್ನು ಇದರಷ್ಟು ತಾಳ್ಮೆಯಿಂದ ತೋರಿಸಿದ ಇನ್ನೊಂದು ಕೃತಿ ನನಗೆ ಕಂಡಿಲ್ಲ.

ನಾಯಕನಿಂದ ನಗರದ ಕಡೆಗೆ

ಪ್ಲಂಕೆಟ್ ಹುಟ್ಟಿದ್ದು 1920ರಲ್ಲಿ, ಡಬ್ಲಿನ್ನಿನಲ್ಲೇ. ಹೋರಾಟವನ್ನು ಅವರು ಕಣ್ಣಾರೆ ಕಂಡವರಲ್ಲ. ಆದರೆ 1940ರ ದಶಕದಲ್ಲಿ ಕಾರ್ಮಿಕ ಸಂಘದ ಕಚೇರಿಯಲ್ಲಿ, ಮುದುಕರಾಗಿದ್ದ ಅದೇ ಲಾರ್ಕಿನ್ ಕೈಕೆಳಗೆ ಕೆಲಸ ಮಾಡಿದರು. ಲಾರ್ಕಿನ್ ತೀರಿಕೊಂಡದ್ದು 1947ರ ಜನವರಿಯಲ್ಲಿ. ಆಮೇಲೆ ಈ ಕಥೆ ಪ್ಲಂಕೆಟ್ ಅವರನ್ನು ಬಿಡಲೇ ಇಲ್ಲ. 1954ರಲ್ಲಿ ‘ಬಿಗ್ ಜಿಮ್’ ಎಂಬ ರೇಡಿಯೊ ನಾಟಕ ಬರೆದರು. 1958ರಲ್ಲಿ ಅದೇ ವಸ್ತು ‘ದಿ ರೈಸನ್ ಪೀಪಲ್’ ಎಂಬ ರಂಗನಾಟಕವಾಯಿತು. ಮತ್ತೆ ಹನ್ನೊಂದು ವರ್ಷದ ಮೇಲೆ ಕಾದಂಬರಿ ಬಂತು.

ಮೊದಲ ಕೃತಿಗೆ ನಾಯಕನ ಹೆಸರು, ಎರಡನೆಯದಕ್ಕೆ ಜನರ ಹೆಸರು, ಮೂರನೆಯದಕ್ಕೆ ಊರಿನ ಹೆಸರು. ಬರೆಯುತ್ತ ಬರೆಯುತ್ತ ಪ್ಲಂಕೆಟ್ ತಮ್ಮ ಆರಾಧ್ಯ ಪುರುಷನನ್ನು ಮೆಲ್ಲಗೆ ಬದಿಗೆ ಸರಿಸಿ, ಅವನ ಮಾತು ಕೇಳಿ ಕೆಲಸ ಬಿಟ್ಟವರನ್ನೂ, ಆ ಮಾತು ಕಿವಿಗೇ ಬೀಳದೆ ಹಸಿದವರನ್ನೂ ನಡುಮನೆಗೆ ಕರೆತಂದರು. ಧಾರಾವಾಹಿಯೂ ಈ ಹದವನ್ನು ಕಾಪಾಡಿಕೊಂಡಿದೆ. ಓಟೂಲ್‌ರಂಥ ತಾರೆ ಕೈಯಲ್ಲಿದ್ದಾಗ ಪ್ರತಿ ಕಂತನ್ನೂ ಅವರ ಭಾಷಣದಿಂದ ತುಂಬಿಸುವ ಆಸೆ ಯಾರಿಗಾದರೂ ಬರುತ್ತದೆ. ಇಲ್ಲಿ ಲಾರ್ಕಿನ್ ಬರುತ್ತಾರೆ, ಜನರನ್ನು ಬಡಿದೆಬ್ಬಿಸುತ್ತಾರೆ, ಹೋಗುತ್ತಾರೆ. ಅವರು ಹೋದ ಮೇಲೆ ಕ್ಯಾಮೆರಾ ಆ ಜನರ ಬೆನ್ನು ಹತ್ತಿ ಮನೆಗೆ ಬರುತ್ತದೆ.

ಒಂದೇ ಕೋಣೆಯ ಸಂಸಾರಗಳು

ಆ ಮನೆಗಳು ಎಂಥವು? ಹದಿನೆಂಟನೇ ಶತಮಾನದಲ್ಲಿ ಶ್ರೀಮಂತರು ಕಟ್ಟಿಸಿದ್ದ ನಾಲ್ಕಂತಸ್ತಿನ ಬಂಗಲೆಗಳು. ಒಡೆಯರು ಊರಾಚೆಯ ಬಡಾವಣೆಗಳಿಗೆ ಹೋದ ಮೇಲೆ ಕೋಣೆಗೊಂದು ಕುಟುಂಬದಂತೆ ಬಾಡಿಗೆಗೆ ಬಿಟ್ಟು ವಠಾರಗಳಾದವು. 1911ರ ಜನಗಣತಿಯ ಲೆಕ್ಕದಲ್ಲಿ ಡಬ್ಲಿನ್ನಿನ ಸುಮಾರು 26,000 ಕುಟುಂಬಗಳು ಇಂಥ ವಠಾರಗಳಲ್ಲಿದ್ದವು. ಅವುಗಳಲ್ಲಿ ಸುಮಾರು 20,000 ಕುಟುಂಬಗಳಿಗೆ ಇದ್ದದ್ದು ಒಂದೇ ಕೋಣೆ. ಹೆನ್ರಿಯೆಟಾ ಬೀದಿಯ 14ನೇ ನಂಬರಿನ ಮನೆಯಲ್ಲಿ ಆ ವರ್ಷ 17 ಕುಟುಂಬಗಳ 100 ಜನ ಇದ್ದರು. ಆ ಮನೆ ಈಗ ವಸ್ತುಸಂಗ್ರಹಾಲಯ.

ಕೂಲಿಯವನ ವಾರದ ಸಂಬಳ ಹೆಚ್ಚೆಂದರೆ 18 ಶಿಲ್ಲಿಂಗಿನ ಆಸುಪಾಸು. ಅದೂ ಕೆಲಸ ಸಿಕ್ಕ ವಾರ. ಬಂದರಿನಲ್ಲಿ ಬೆಳಿಗ್ಗೆ ಸಾಲಾಗಿ ನಿಂತು, ಮೇಸ್ತ್ರಿ ಬೆರಳು ತೋರಿಸಿದರೆ ಅಂದಿನ ಅನ್ನ. ಇಂಥವರನ್ನು ಒಗ್ಗೂಡಿಸಲು ಆಗುವುದಿಲ್ಲ ಎಂದು ಹಳೆಯ ಸಂಘಗಳು ಕೈಬಿಟ್ಟಿದ್ದವು. ಲಿವರ್‌ಪೂಲಿನ ಐರಿಷ್ ಬಡಕುಟುಂಬದಲ್ಲಿ ಹುಟ್ಟಿ, 1907ರಲ್ಲಿ ಬೆಲ್‌ಫಾಸ್ಟಿನ ಬಂದರು ಕೂಲಿಗಳ ಮುಷ್ಕರ ನಡೆಸಿದ್ದ ಲಾರ್ಕಿನ್ ಕೈಹಾಕಿದ್ದು ಅಲ್ಲಿಗೇ. ಅವರ ಉಪಾಯ ಸರಳ: ಒಂದು ಕಾರ್ಖಾನೆಯಲ್ಲಿ ಮುಷ್ಕರವಾದರೆ ಆ ಕಾರ್ಖಾನೆಯ ಸರಕನ್ನು ಇನ್ನಾವ ಕೂಲಿಯೂ ಮುಟ್ಟಬಾರದು. ಗಾಡಿಯವನು ಹೇರಬಾರದು, ಹಡಗಿನವನು ಇಳಿಸಬಾರದು. ಮಾಲೀಕರ ನಿದ್ದೆಗೆಡಿಸಿದ್ದು ಈ ಸಹಾನುಭೂತಿಯ ಮುಷ್ಕರವೇ.

ಸೆಪ್ಟೆಂಬರ್ 2ರ ರಾತ್ರಿ ಚರ್ಚ್ ಸ್ಟ್ರೀಟಿನ ಎರಡು ವಠಾರದ ಮನೆಗಳು ಕುಸಿದು ಏಳು ಜನ ಸತ್ತರು. ಸತ್ತವರಲ್ಲಿ 17 ವರ್ಷದ ಒಬ್ಬ ಹುಡುಗನಿದ್ದ. ಬಿಸ್ಕತ್ತು ಕಾರ್ಖಾನೆಯಿಂದ ಆಗಷ್ಟೇ ಹೊರಹಾಕಲ್ಪಟ್ಟವನು. ತಂಗಿಯನ್ನು ಕಾಪಾಡಲು ಮತ್ತೆ ಒಳಗೆ ಓಡಿದವನ ಮೇಲೆ ಗೋಡೆ ಬಿತ್ತು. ಇದಕ್ಕೆ ಎರಡು ದಿನ ಮೊದಲು, ಭಾನುವಾರ, ನಗರದ ಹೆಬ್ಬೀದಿಯಲ್ಲಿ ಪೊಲೀಸರು ಕಂಡಕಂಡವರ ಮೇಲೆ ಲಾಠಿ ಬೀಸಿ ನೂರಾರು ಜನರನ್ನು ಗಾಯಗೊಳಿಸಿದ್ದರು. ಸಭೆಗೆ ನಿಷೇಧವಿದ್ದರೂ ಮಾತಾಡಿಯೇ ತೀರುತ್ತೇನೆ ಎಂದಿದ್ದ ಲಾರ್ಕಿನ್ ಗಡ್ಡ ಅಂಟಿಸಿಕೊಂಡು, ಕಿವಿ ಕೇಳದ ಮುದಿ ಪಾದ್ರಿಯಂತೆ ಬೆನ್ನು ಬಾಗಿಸಿ ಇಂಪೀರಿಯಲ್ ಹೋಟೆಲಿನ ಬಾಲ್ಕನಿಗೆ ಬಂದು ಕೆಲವೇ ಮಾತು ಆಡಿ ಬಂಧನಕ್ಕೊಳಗಾದರು. ಆ ಹೋಟೆಲು ಮರ್ಫಿಯವರದೇ ಆಗಿತ್ತು.

ಮನೆಯೊಳಗಿನ ಮುಷ್ಕರ

ಧಾರಾವಾಹಿ ಆರಂಭವಾಗುವುದು ಇದಕ್ಕೂ ಆರು ವರ್ಷ ಹಿಂದೆ, 1907ರಲ್ಲಿ ದೊರೆ ಏಳನೇ ಎಡ್ವರ್ಡ್ ಡಬ್ಲಿನ್ನಿಗೆ ಬಂದ ದಿನ. ದೊರೆಯ ಪುಟ್ಟ ಪಾತ್ರದಲ್ಲಿ ಪೀಟರ್ ಉಸ್ತಿನೋವ್ ಕಾಣಿಸಿಕೊಳ್ಳುತ್ತಾರೆ. ಮೆರವಣಿಗೆಯ ಗದ್ದಲದಲ್ಲಿ ನಾವು ಮುಂದೆ ಬಿಡಲಾಗದಷ್ಟು ಹಚ್ಚಿಕೊಳ್ಳುವ ಜನರ ಪರಿಚಯವಾಗುತ್ತದೆ. ಬ್ರಾಡ್‌ಶಾ ದಂಪತಿಯ ಮನೆಯಲ್ಲಿ ಕೆಲಸಕ್ಕಿರುವ ಹಳ್ಳಿಯ ಹುಡುಗಿ ಮೇರಿ. ಅವಳನ್ನು ಮೆಚ್ಚಿ ಮದುವೆಯಾಗುವ ಫಿಟ್ಜ್, ಫೌಂಡ್ರಿಯ ಕುಲುಮೆಗೆ ಕಲ್ಲಿದ್ದಲು ಎರಚುವವನು. ಅವರ ವಠಾರದಲ್ಲೇ ಇರುವ ಮುಲ್ಹಾಲ್, ಗಾಡಿ ಹೊಡೆಯುವ ಮುಂಗೋಪಿ, ಲಾರ್ಕಿನ್ ಎಂದರೆ ಜೀವ ಬಿಡುವವನು. ಅದೇ ವಠಾರದ ನೆಲಮಾಳಿಗೆಯಲ್ಲಿ ನಾಯಿಯೊಂದಿಗೆ ಬದುಕುವ ರ್‍ಯಾಷರ್ಸ್ ಟಿಯರ್ನಿ, ತಗಡಿನ ಕೊಳಲೂದಿ ಚಿಲ್ಲರೆ ಬೇಡುವವನು.

ಮುಷ್ಕರ ಬರುವುದಕ್ಕೆ ಮುಂಚೆ ಇಷ್ಟೊಂದು ಕಂತುಗಳನ್ನು ಖರ್ಚು ಮಾಡಿದ್ದು ಯಾಕೆ ಎಂದು ಅವಸರದ ನೋಡುಗರಿಗೆ ಅನ್ನಿಸಬಹುದು. ಕಾರಣವಿದೆ. ಮೇರಿ, ಫಿಟ್ಜ್ ಸಂಸಾರ ಹೂಡಿದ್ದನ್ನು ನಾವು ಕಂಡಿರುತ್ತೇವೆ. ಖಾಲಿ ಕೋಣೆಗೆ ಒಂದೊಂದೇ ಸಾಮಾನು ಸೇರಿ ಅದು ಮನೆಯಾದದ್ದು ನಮಗೆ ಗೊತ್ತಿರುತ್ತದೆ. ಹೀಗೆ ಗೊತ್ತಿದ್ದಾಗ ಮಾತ್ರ ಅವು ಒಂದೊಂದಾಗಿ ಗಿರವಿ ಅಂಗಡಿಗೆ ಹೊರಟಾಗ ಎದೆಗೆ ತಾಗುತ್ತದೆ. ಮುಷ್ಕರದ ಮೊದಲ ವಾರ ಉತ್ಸಾಹ ಇರುತ್ತದೆ, ಘೋಷಣೆ ಇರುತ್ತದೆ. ಎಂಟನೇ ವಾರ ಹೊದಿಕೆ ಅಡವಿಡುವ ವಾರ. ಹನ್ನೆರಡನೇ ವಾರ ಗಂಡ ಹೆಂಡತಿ ಒಬ್ಬರ ಮುಖ ಒಬ್ಬರು ನೋಡದೆ ಊಟ ಮುಗಿಸುವ ವಾರ. ಎರಡು ಗಂಟೆಯ ಸಿನಿಮಾ ಇದನ್ನು ಹೇಳಬಲ್ಲದು, ಅನುಭವಕ್ಕೆ ತರಲಾರದು. ಲಾಠಿ ಪ್ರಹಾರ, ಮೆರವಣಿಗೆ, ಭಾಷಣ ಸಿನಿಮಾಕ್ಕೆ ಒಗ್ಗುತ್ತವೆ. ಕಾಯುವುದು ಧಾರಾವಾಹಿಗೆ ಒಗ್ಗುತ್ತದೆ. ವಾರದಿಂದ ವಾರಕ್ಕೆ ಕಾದು ನೋಡಿದ ಪ್ರೇಕ್ಷಕರಿಗೆ ಆ ಜನ ಕಾದ ಕಾಲದ ತೂಕ ಒಂದಿಷ್ಟಾದರೂ ತಿಳಿಯುತ್ತದೆ.

ಮೇರಿಯ ಕಥೆಯ ಜೊತೆಗೇ ಬರುವ ಮಿಸ್ ಗಿಲ್‌ಕ್ರಿಸ್ಟ್ ಪ್ರಸಂಗವನ್ನು ನೋಡಿ. ಬ್ರಾಡ್‌ಶಾ ಮನೆಯಲ್ಲಿ ಆಯುಷ್ಯವೆಲ್ಲ ಜೀತದಂತೆ ದುಡಿದ ಮುದುಕಿ. ಕಾಯಿಲೆ ಬಿದ್ದು ಕೈಲಾಗದ ದಿನ ಅವಳನ್ನು ವರ್ಕ್‌ಹೌಸಿಗೆ, ಅಂದರೆ ದಿಕ್ಕಿಲ್ಲದವರನ್ನು ಕೂಡಿಹಾಕುವ ಸರ್ಕಾರಿ ಕಟ್ಟಡಕ್ಕೆ ಸಾಗಿಸುತ್ತಾರೆ. ಬ್ರಾಡ್‌ಶಾ ಹೆಂಡತಿಗೆ ಮನಸ್ಸು ನೋಯುತ್ತದೆ, ಆದರೆ ಗಂಡನ ಮಾತು ಮೀರುವಷ್ಟಲ್ಲ. ಯಾರೂ ಕೂಗಾಡುವುದಿಲ್ಲ, ಯಾರೂ ಕೈ ಎತ್ತುವುದಿಲ್ಲ. ಸಂಘ ಯಾಕೆ ಬೇಕು ಎಂಬುದಕ್ಕೆ ಲಾರ್ಕಿನ್ ಅವರ ಹತ್ತು ಭಾಷಣ ಕೊಡದ ಉತ್ತರವನ್ನು ಈ ಒಂದು ಪ್ರಸಂಗ ಕೊಡುತ್ತದೆ. ಒಬ್ಬಂಟಿ ಕೆಲಸದವಳ ಬದುಕು ಯಜಮಾನರ ಕರುಣೆಯ ಮೇಲೆ ನಿಂತಿರುತ್ತದೆ, ಆ ಕರುಣೆ ಖರ್ಚಿನ ಲೆಕ್ಕ ಬಂದ ಕೂಡಲೇ ಮುಗಿದುಹೋಗುತ್ತದೆ.

ಯಾವ ಪಟ್ಟಿಯಲ್ಲೂ ಇಲ್ಲದವನು

ಇಡೀ ಧಾರಾವಾಹಿಯ ಹೃದಯ ರ್‍ಯಾಷರ್ಸ್. ಆ ಪಾತ್ರ ಮಾಡಿದ ಡೇವಿಡ್ ಕೆಲಿ ನಮ್ಮಲ್ಲಿ ಅನೇಕರಿಗೆ ಮುಖಪರಿಚಯ ಇರುವವರೇ. 2005ರ ‘ಚಾರ್ಲಿ ಅಂಡ್ ದಿ ಚಾಕೊಲೇಟ್ ಫ್ಯಾಕ್ಟರಿ’ ಚಿತ್ರದಲ್ಲಿ ಹುಡುಗನ ಕೈಹಿಡಿದು ಕಾರ್ಖಾನೆ ನೋಡಲು ಹೋಗುವ ಅಜ್ಜ ಅವರು. ಇಲ್ಲಿ ಕಡ್ಡಿಯಂಥ ಮೈ, ಗುಳಿಬಿದ್ದ ಕಣ್ಣು, ಬಾಯಿತುಂಬ ಮಾತು. ರ್‍ಯಾಷರ್ಸ್‌ಗೆ ಮಾಲೀಕರಿಲ್ಲ, ಆದ್ದರಿಂದ ಮುಷ್ಕರ ಹೂಡುವ ಹಾಗಿಲ್ಲ. ಚರ್ಚಿನ ಬಾಯ್ಲರ್ ನೋಡಿಕೊಳ್ಳುವ ಕೆಲಸ ಸಿಕ್ಕಿತ್ತು, ಅದೂ ಹೋಯಿತು. ಕಸದ ಡಬ್ಬಿ ಕೆದಕಿ ತಾನೂ ತಿಂದು ನಾಯಿಗೂ ಹಾಕುವುದೇ ಅವನ ಸಂಪಾದನೆ.

ಬ್ರಿಟನ್ನಿನ ಕಾರ್ಮಿಕ ಸಂಘಗಳ ಒಕ್ಕೂಟ ಡಬ್ಲಿನ್ನಿನ ಹಸಿದವರಿಗಾಗಿ ಹಣ ಎತ್ತಿತು. ಸೆಪ್ಟೆಂಬರ್ 27ರಂದು ‘ಹೇರ್’ ಎಂಬ ಹಡಗು ಅನ್ನದ ಪೊಟ್ಟಣಗಳನ್ನು ಹೊತ್ತು ಬಂದಾಗ ದಡದಲ್ಲಿ ಜನಸಾಗರ. ಆಲೂಗಡ್ಡೆ, ಸಕ್ಕರೆ, ಚಹಾಪುಡಿ, ಜಾಮ್. ಸಂಘ ಕೊಟ್ಟ ಚೀಟಿ ತೋರಿಸಿ ಸಾಲಿನಲ್ಲಿ ನಿಂತು ಪಡೆಯಬೇಕು. ಸಂಘದ ಕೇಂದ್ರವಾದ ಲಿಬರ್ಟಿ ಹಾಲ್‌ನಲ್ಲಿ ಕಾನ್‌ಸ್ಟನ್ಸ್ ಮಾರ್ಕಿವಿಚ್, ಲಾರ್ಕಿನ್ ಅವರ ತಂಗಿ ಡೀಲಿಯಾ ಮೊದಲಾದವರು ದಿನವೂ ಸೂಪು ಬೇಯಿಸಿ ಹಂಚುತ್ತಿದ್ದರು. ಆ ಕಾಲಕ್ಕೆ ಅದು ದೊಡ್ಡ ಸಾಧನೆಯೇ. ಆದರೆ ಚೀಟಿ ಇರುವುದು ಸದಸ್ಯರಿಗೆ. ರ್‍ಯಾಷರ್ಸ್ ಯಾರ ಸದಸ್ಯ? ಊರಿಗೆ ಊರೇ ಹಸಿದಾಗ ಕಸದ ಡಬ್ಬಿಯೂ ಬರಿದಾಗುತ್ತದೆ. ಎರಡು ಪಕ್ಷಗಳ ಜಗಳದಲ್ಲಿ ಯಾವ ಪಕ್ಷಕ್ಕೂ ಸೇರದವನು ತನ್ನ ನೆಲಮಾಳಿಗೆಯಲ್ಲಿ ಒಬ್ಬನೇ ಸಾಯುತ್ತಾನೆ. ಹೆಣ ಇಲಿಗಳ ಪಾಲಾದ ಮೇಲೆ ಜನಕ್ಕೆ ತಿಳಿಯುತ್ತದೆ.

ಪ್ಲಂಕೆಟ್ ಲಾರ್ಕಿನ್ ಪಕ್ಷದವರು, ಸಂಶಯವೇ ಬೇಡ. ಆದರೂ ಮುಷ್ಕರದ ಬೆಲೆ ತೆತ್ತವರಲ್ಲಿ ಅದನ್ನು ಆರಿಸಿಕೊಳ್ಳದವರೂ ಇದ್ದರು ಎಂಬ ಮಾತನ್ನು ಅವರು ನುಂಗಲಿಲ್ಲ. ರ್‍ಯಾಷರ್ಸ್ ಸಾವಿನಿಂದ ಮುಷ್ಕರದ ನ್ಯಾಯ ಕಡಿಮೆಯಾಗುವುದಿಲ್ಲ. ಅಂಥ ಊರನ್ನು ಕಟ್ಟಿಕೊಂಡು ನೆಮ್ಮದಿಯಾಗಿದ್ದವರ ಅನ್ಯಾಯ ಮಾತ್ರ ಇನ್ನಷ್ಟು ನಿಚ್ಚಳವಾಗುತ್ತದೆ.

ಪಾದ್ರಿಗಳು, ಮಕ್ಕಳು, ಮಾಲೀಕರು

ಚರ್ಚಿನ ಒಳಜಗಳವನ್ನು ಇಬ್ಬರು ಪಾದ್ರಿಗಳ ಮೂಲಕ ತೋರಿಸಲಾಗಿದೆ. ಬಡವರ ಸಂಕಟ ನೋಡಿ ನೋಡಿ ಕುಡಿತಕ್ಕೆ ಬಿದ್ದ ಹಿರಿಯ ಪಾದ್ರಿ ಫಾದರ್ ಗಿಫ್ಲಿ. ಆ ಪಾತ್ರದಲ್ಲಿ ಸಿರಿಲ್ ಕ್ಯುಸಾಕ್ ಅವರ ಅಭಿನಯ ಮರೆಯುವಂಥದ್ದಲ್ಲ. ಅವರ ಕೈಕೆಳಗೆ, ಶ್ರೀಮಂತರ ಬಡಾವಣೆಯಿಂದ ಬಡವರ ಸೇವೆಗೆಂದು ತಾನಾಗಿ ಬಂದ ಫಾದರ್ ಓಕಾನರ್ (ಫ್ರಾಂಕ್ ಗ್ರೈಮ್ಸ್). ಬಡವರನ್ನು ಪ್ರೀತಿಸಬೇಕು ಎಂಬ ಆಸೆ ಅವರಿಗಿದೆ, ಬಡವರ ಮೈನಾತ ಸಹಿಸಲಾಗುವುದಿಲ್ಲ.

ಅಕ್ಟೋಬರಿನಲ್ಲಿ ಈ ಕಥೆಯ ಅತ್ಯಂತ ಕಹಿ ಅಧ್ಯಾಯ ನಡೆಯಿತು. ಹಸಿದ ಮಕ್ಕಳನ್ನು ಮುಷ್ಕರ ಮುಗಿಯುವ ತನಕ ಇಂಗ್ಲೆಂಡಿನ ಕಾರ್ಮಿಕ ಕುಟುಂಬಗಳಲ್ಲಿ ಇರಿಸುವ ಏರ್ಪಾಡನ್ನು ಡೋರಾ ಮಾಂಟಿಫಿಯೋರ್ ಮತ್ತು ಗೆಳತಿಯರು ಮಾಡಿದರು. ಆರ್ಚ್‌ಬಿಷಪ್ ವಾಲ್ಷ್ ಇದನ್ನು ಕಟುವಾಗಿ ವಿರೋಧಿಸಿದರು. ಕ್ಯಾಥೊಲಿಕ್ ಮಕ್ಕಳು ಪರಧರ್ಮದವರ ಮನೆ ಸೇರಿ ಕೆಡುತ್ತಾರೆ ಎಂಬುದು ಅವರ ಭಯ. ಪಾದ್ರಿಗಳೂ ಭಕ್ತರೂ ಬಂದರಿಗೆ, ರೈಲು ನಿಲ್ದಾಣಕ್ಕೆ ನುಗ್ಗಿ ಮಕ್ಕಳನ್ನು ಹಿಂದಕ್ಕೆಳೆದರು. ಕಥೆಯಲ್ಲಿ ಫಾದರ್ ಓಕಾನರ್ ಆ ಗುಂಪಿನಲ್ಲಿದ್ದಾರೆ. ಮಗುವಿನ ಹೊಟ್ಟೆಯೋ ಮಗುವಿನ ಮತವೋ ಎಂದು ಕೇಳಿದಾಗ ಮತ ಎಂದವರು ಅವರು. ಹಾಗೆಂದು ಪ್ಲಂಕೆಟ್ ಓಕಾನರ್ ಅವರನ್ನು ಖಳನನ್ನಾಗಿ ಮಾಡಿ ಕೈತೊಳೆದುಕೊಳ್ಳುವುದಿಲ್ಲ. ರ್‍ಯಾಷರ್ಸ್ ಹೆಣಕ್ಕೆ ಅಂತಿಮ ವಿಧಿ ಮಾಡಲು ಬರುವವರು ಅವರೇ. ಜೀವಂತವಾಗಿದ್ದಾಗ ಹತ್ತಿರ ಸೇರಿಸದ ಆ ಮೈಯನ್ನು ಎತ್ತಲು ಅವರೂ ಕೈಹಾಕುತ್ತಾರೆ.

ಮಾಲೀಕರ ವಿಷಯದಲ್ಲೂ ಕಥೆ ಒರಟು ಗೆರೆ ಎಳೆಯುವುದಿಲ್ಲ. ನಮಗೆ ಇಲ್ಲಿಂದ ನೋಡಿದಾಗ ಅದು ಬ್ರಿಟಿಷರ ಮೇಲಿನ ಹೋರಾಟ ಎನ್ನಿಸಿಬಿಡಬಹುದು. ಆದರೆ ಮರ್ಫಿ ಅಪ್ಪಟ ಐರಿಷ್ ರಾಷ್ಟ್ರವಾದಿ, ಹಿಂದೆ ಸಂಸತ್ ಸದಸ್ಯರಾಗಿದ್ದವರು. 1907ರ ಆ ಭೇಟಿಯಲ್ಲಿ ದೊರೆ ನೈಟ್ ಪದವಿ ಕೊಡಲು ಬಂದಾಗ ಬೇಡವೆಂದವರು. ಟ್ರಾಮ್ ಕಂಪನಿಯ ಜೊತೆಗೆ ‘ಐರಿಷ್ ಇಂಡಿಪೆಂಡೆಂಟ್’ ಪತ್ರಿಕೆಯೂ ಅವರದೇ. ಸ್ವರಾಜ್ಯ ಕೇಳುವವರೆಲ್ಲ ಬಡವರ ಪಕ್ಷ ಎಂದೇನಿಲ್ಲ ಎಂಬ ಪಾಠವನ್ನು ಡಬ್ಲಿನ್ ಆ ಚಳಿಗಾಲದಲ್ಲಿ ಕಲಿಯಿತು. ಮಾಲೀಕರ ಹಟವನ್ನು ಖಂಡಿಸಿ ಕವಿ ಎ.ಇ. (ಜಾರ್ಜ್ ರಸೆಲ್) ಅಕ್ಟೋಬರ್ 7ರ ‘ಐರಿಷ್ ಟೈಮ್ಸ್’ನಲ್ಲಿ ಬಹಿರಂಗ ಪತ್ರ ಬರೆದರು. ಕುವೆಂಪು ಅವರಿಗೆ ಕನ್ನಡದಲ್ಲಿ ಬರೆಯಲು ಹೇಳಿದ ಜೇಮ್ಸ್ ಕಸಿನ್ಸ್ ಡಬ್ಲಿನ್ನಿನಲ್ಲಿದ್ದಾಗ ಇದೇ ಎ.ಇ. ಬಳಗಕ್ಕೆ ಸೇರಿದವರು. ಆ ಬಳಗದ ಹಿರಿಯರೊಬ್ಬರು ಕಾವ್ಯವನ್ನು ಬದಿಗಿಟ್ಟು ಕೂಲಿಗಳ ಪರ ನಿಂತದ್ದು ನೆನೆಯಬೇಕಾದ ಸಂಗತಿ.

1980ರಲ್ಲಿ ನೋಡಿದವರು

ಧಾರಾವಾಹಿ ತೆರೆಗೆ ಬಂದ ಸಮಯವನ್ನೂ ಗಮನಿಸಬೇಕು. 1979ರಲ್ಲಿ ಐರ್ಲೆಂಡಿನ ಅಂಚೆ ನೌಕರರು ಸುಮಾರು 18 ವಾರ ಮುಷ್ಕರ ಹೂಡಿದ್ದರು. ಇಡೀ ದೇಶಕ್ಕೆ ತಿಂಗಳುಗಟ್ಟಲೆ ಕಾಗದವಿರಲಿಲ್ಲ. 1980ರ ಜನವರಿಯಲ್ಲಿ, ಸಂಬಳದಾರರೇ ತೆರಿಗೆಯ ಹೊರೆ ಹೊರಬೇಕೇ ಎಂದು ಲಕ್ಷಾಂತರ ಜನ ಬೀದಿಗಿಳಿದಿದ್ದರು. ಅದಾಗಿ ಎರಡು ತಿಂಗಳೂ ತುಂಬಿರಲಿಲ್ಲ, ಮಾರ್ಚಿನಲ್ಲಿ ಮೊದಲ ಕಂತು ಬಂತು. ಡಬ್ಲಿನ್ನಿನ ಹೆಬ್ಬೀದಿಯಲ್ಲಿ ಎರಡೂ ಕೈ ಮೇಲೆತ್ತಿ ನಿಂತ ಲಾರ್ಕಿನ್ ಪ್ರತಿಮೆ, ಓಶೀನ್ ಕೆಲಿ ಮಾಡಿದ್ದು, ಅನಾವರಣಗೊಂಡದ್ದೂ ಅದರ ಹಿಂದಿನ ವರ್ಷವೇ. ಅಜ್ಜ ಅಜ್ಜಿಯರ ಬಾಯಲ್ಲಿ ಕೇಳಿದ್ದನ್ನು ಮೊಮ್ಮಕ್ಕಳು ಪರದೆಯ ಮೇಲೆ ಕಂಡರು. ಹೋರಾಟಕ್ಕೆ ನೂರು ತುಂಬಿದ 2013ರಲ್ಲಿ ಡಬ್ಲಿನ್ ನಗರವೆಲ್ಲ ಒಟ್ಟಿಗೆ ಓದುವ ಪುಸ್ತಕವಾಗಿ ಆಯ್ಕೆಯಾದದ್ದೂ ಇದೇ ಕಾದಂಬರಿ.

ಕೊರತೆ ಇಲ್ಲವೆಂದಲ್ಲ. ಜೇಕಬ್ಸ್ ಬಿಸ್ಕತ್ತು ಕಾರ್ಖಾನೆಯ ನೂರಾರು ಹೆಣ್ಣುಮಕ್ಕಳು ಬಿಲ್ಲೆ ಕಿತ್ತೆಸೆಯಲು ಒಪ್ಪದೆ ಹೊರಬಿದ್ದವರು. ಗಂಡಸರು ಕೆಲಸಕ್ಕೆ ಮರಳಿದ ಮೇಲೂ ಹಟ ಬಿಡದಿದ್ದವರು. ‘ಸ್ಟ್ರಂಪೆಟ್ ಸಿಟಿ’ಯ ಮುಖ್ಯ ಪಾತ್ರಗಳಲ್ಲಿ ಅಂಥ ಒಬ್ಬಳೂ ಇಲ್ಲ. ಹೆಂಡತಿ ಇದ್ದಾಳೆ, ಮನೆಗೆಲಸದವಳಿದ್ದಾಳೆ, ಮೈಮಾರಿ ಬದುಕುವವಳಿದ್ದಾಳೆ. ಸಂಘದ ಬಿಲ್ಲೆ ಧರಿಸಿದ ಹೆಣ್ಣಿಲ್ಲ. ಇಷ್ಟು ಕಣ್ಣು ತೆರೆದು ನೋಡಿದ ಲೇಖಕರಿಗೆ ಅದು ಕಾಣದೆ ಹೋದದ್ದು ನಷ್ಟವೇ ಸರಿ.

ಸೋಲನ್ನು ಸೋಲೆಂದು ಹೇಳುವುದು

ಡಿಸೆಂಬರ್ 9ರಂದು ಲಂಡನ್ನಿನಲ್ಲಿ ಸೇರಿದ ಬ್ರಿಟಿಷ್ ಸಂಘಗಳ ವಿಶೇಷ ಸಮ್ಮೇಳನ ಡಬ್ಲಿನ್ನಿಗಾಗಿ ತಾವೂ ಮುಷ್ಕರ ಹೂಡುವುದಿಲ್ಲ ಎಂದು ತೀರ್ಮಾನಿಸಿತು. ಅಲ್ಲಿಗೆ ಬೆನ್ನೆಲುಬು ಮುರಿಯಿತು. 1914ರ ಜನವರಿಯಲ್ಲಿ ಜನ ಸಿಕ್ಕ ಷರತ್ತಿಗೆ ಕೆಲಸಕ್ಕೆ ಮರಳತೊಡಗಿದರು. ಅನೇಕರಿಗೆ ಮರಳಲು ಕೆಲಸವೇ ಇರಲಿಲ್ಲ. ಕಥೆಯಲ್ಲಿ ಮುಲ್ಹಾಲ್ ಅಪಘಾತದಲ್ಲಿ ಕಾಲುಗಳನ್ನು ಕಳೆದುಕೊಂಡು ಸತ್ತಿದ್ದಾನೆ. ಯಾವ ಕಾರ್ಖಾನೆಯೂ ಸೇರಿಸಿಕೊಳ್ಳದ ಫಿಟ್ಜ್ ಬ್ರಿಟಿಷ್ ಸೈನ್ಯ ಸೇರಿ ಹಡಗು ಹತ್ತುತ್ತಾನೆ. ಆ ವರ್ಷ ಆಗಸ್ಟಿನಲ್ಲಿ ಮಹಾಯುದ್ಧ ಆರಂಭವಾಯಿತು ಎಂಬುದನ್ನು ನೋಡುಗರಿಗೆ ಯಾರೂ ಬಿಡಿಸಿ ಹೇಳಬೇಕಿಲ್ಲ.

ಪ್ಲಂಕೆಟ್ ಇನ್ನೊಂದು ಅಧ್ಯಾಯ ಬರೆದು ಸಮಾಧಾನ ಹೇಳಬಹುದಿತ್ತು. ಚರಿತ್ರೆಯಲ್ಲಿ ಅದಕ್ಕೆ ಬೇಕಾದ ಸರಕೂ ಇತ್ತು. ಸಂಘ ಸಾಯಲಿಲ್ಲ. 1920ರ ಹೊತ್ತಿಗೆ ಅದರ ಸದಸ್ಯರ ಸಂಖ್ಯೆ ಲಕ್ಷ ದಾಟಿತ್ತು. ಸಂಘವನ್ನೇ ಅಳಿಸುತ್ತೇವೆಂದು ಹೊರಟ ಮಾಲೀಕರ ಉದ್ದೇಶ ಈಡೇರಲಿಲ್ಲ. ಆದರೆ ಆ ಮುಂದಿನ ಗೆಲುವು ಮುಲ್ಹಾಲ್‌ಗೆ ಸಿಕ್ಕಲಿಲ್ಲ, ರ್‍ಯಾಷರ್ಸ್‌ಗೆ ಸಿಕ್ಕಲಿಲ್ಲ. ಅವರ ಕಥೆ ಹೇಳಲು ಹೊರಟವರು ಅವರಿಗೆ ದಕ್ಕದ ಗೆಲುವನ್ನು ತಂದು ನಮ್ಮ ಮನಸ್ಸನ್ನು ಹಗುರ ಮಾಡಿದ್ದರೆ ಅದು ಮೋಸವಾಗುತ್ತಿತ್ತು.

ಚರಿತ್ರೆಯ ಪುಸ್ತಕಗಳು ಮುಷ್ಕರಗಳನ್ನು ಫಲಿತಾಂಶದಿಂದ ಅಳೆಯುತ್ತವೆ: ಬೇಡಿಕೆ ಈಡೇರಿತೇ, ಸಂಬಳ ಏರಿತೇ, ಸಂಘ ಉಳಿಯಿತೇ? ಇವು ಕೇಳಲೇಬೇಕಾದ ಪ್ರಶ್ನೆಗಳು. ಆ ಐದು ತಿಂಗಳು ಒಲೆ ಹೇಗೆ ಉರಿಯಿತು, ಮಕ್ಕಳಿಗೆ ಏನು ಹೇಳಿ ಮಲಗಿಸಿದರು, ಪಕ್ಕದ ಕೋಣೆಯವರು ಕೆಲಸಕ್ಕೆ ಮರಳಿದರೆಂದು ತಿಳಿದಾಗ ಇವರು ಏನು ಮಾಡಿದರು ಎಂಬ ಪ್ರಶ್ನೆಗಳು ಕಥೆಗಾರರ ಪಾಲಿಗೆ ಬಿಟ್ಟವು. ಅವನ್ನು ಕೇಳದೆ ಯಾವ ಮುಷ್ಕರದ ಚರಿತ್ರೆಯೂ ಪೂರ್ತಿಯಾಗುವುದಿಲ್ಲ. ಪ್ಲಂಕೆಟ್ ಅವನ್ನು ಕೇಳಿದರು, ಟೋನಿ ಬ್ಯಾರಿ ಮತ್ತು ಸಂಗಡಿಗರು ಅವಸರಿಸದೆ ಉತ್ತರ ತೋರಿಸಿದರು. ದುಡಿಯುವವರ ಹೋರಾಟದ ಕಥೆ ತೆರೆಯ ಮೇಲೆ ಹೇಳಬೇಕೆನ್ನುವವರು, ಯಾವ ಭಾಷೆಯವರೇ ಆಗಲಿ, ಈ ಏಳು ಕಂತುಗಳನ್ನು ಒಮ್ಮೆ ಕೂತು ನೋಡಬೇಕು.